ಆಯ್ಕೆಪಟ್ಟಿಯ ತಕರಾರು: ಅಂಕಕ್ಕಿಂತ ಮೊದಲು ಕಾಗದ

ಕರ್ನಾಟಕದ ಶಿಕ್ಷಕರ ನೇಮಕಾತಿಯಲ್ಲಿ ಮೀಸಲಾತಿ ತಪ್ಪಿತೆಂದು ಬರುವವರು ಅಂಕದಿಂದಲೇ ಮಾತು ಶುರು ಮಾಡುತ್ತಾರೆ: 'ನನಗಿಂತ ಕಡಿಮೆ ತೆಗೆದವರು ಪಟ್ಟಿಯಲ್ಲಿದ್ದಾರೆ.' ಇರಬಹುದು. ಸೇವಾ ಪ್ರಕರಣ, ಅಂದರೆ ಸರ್ಕಾರಿ ನೌಕರಿಯ ಪ್ರಕರಣ ನಡೆಸುವ ವಕೀಲರು ಮೊದಲು ಕೇಳುವುದು ಅರ್ಜಿಯ ಮುದ್ರಿತ ಪ್ರತಿ, ಜಾತಿ-ಆದಾಯ ಪ್ರಮಾಣಪತ್ರ ಮತ್ತು ಅಧಿಸೂಚನೆಯ ಪೂರ್ತಿ ಪಠ್ಯ. ಪ್ರಮಾಣಪತ್ರ ಹಿಂದುಳಿದ ವರ್ಗಗಳ 2ಎ, 2ಬಿ, 3ಎ, 3ಬಿಯವರಿಗೆ ನಮೂನೆ-ಎಫ್, ಪ್ರವರ್ಗ-1ಕ್ಕೆ ನಮೂನೆ-ಇ, ಪರಿಶಿಷ್ಟರಿಗೆ ನಮೂನೆ-ಡಿ. ಎಫ್‌ನಲ್ಲಿ ಆದಾಯವೂ ಸೇರಿರುವುದರಿಂದ ಅದಕ್ಕೆ ಐದು ವರ್ಷದ ಆಯುಸ್ಸು. ಅರ್ಜಿ ಹಾಕುವ ಕೊನೆಯ ದಿನ ಅದು ಚಾಲ್ತಿಯಲ್ಲಿರಬೇಕು. ದಾಖಲೆ ಪರಿಶೀಲನೆಗೆ ಹೊಸದನ್ನು ಮಾಡಿಸಿ ತಂದರೆ ಸಾಕೆಂದುಕೊಂಡವರೇ ಹೆಚ್ಚಾಗಿ ಸಾಮಾನ್ಯ ಅರ್ಹತೆಗೆ, ಅಂದರೆ ಮೀಸಲಾತಿಯಿಲ್ಲದ ಸ್ಪರ್ಧೆಗೆ ಜಾರುವುದು.

ವಿವಾಹಿತ ಮಹಿಳೆಯರ ವಿಷಯದಲ್ಲಿ ಇದೇ ಕಾಗದ ಇಡೀ ನೇಮಕಾತಿಯನ್ನೇ ಅಲುಗಾಡಿಸಿತು. 6ರಿಂದ 8ನೇ ತರಗತಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ಹುದ್ದೆಗೆ 2022ರಲ್ಲಿ ಪರೀಕ್ಷೆ ನಡೆಯಿತು. ನವೆಂಬರ್ 18ರಂದು 13,363 ಹೆಸರುಗಳ ತಾತ್ಕಾಲಿಕ ಪಟ್ಟಿ ಬಂತು. ಗಂಡನ ಬದಲು ತಂದೆಯ ಆದಾಯದ ಪ್ರಮಾಣಪತ್ರ ಕೊಟ್ಟಿದ್ದ ಹಿಂದುಳಿದ ವರ್ಗದ ಮಹಿಳೆಯರನ್ನು ಅದರಲ್ಲಿ ಸಾಮಾನ್ಯ ಅರ್ಹತೆಗೆ ಸರಿಸಲಾಗಿತ್ತು. 2023ರ ಜನವರಿ 30ರಂದು ಹೈಕೋರ್ಟ್‌ನ ಏಕಸದಸ್ಯ ಪೀಠ ಪಟ್ಟಿಯನ್ನು ರದ್ದುಮಾಡಿ, ನೋಡಬೇಕಾದ್ದು ತಂದೆ-ತಾಯಿಯ ಆದಾಯವನ್ನೇ ಹೊರತು ಗಂಡನದ್ದಲ್ಲ ಎಂದಿತು. ಮಾರ್ಚ್‌ನಲ್ಲಿ 13,352 ಮಂದಿಯ ಹೊಸ ಪಟ್ಟಿ ಬಂದಾಗ ಮೊದಲ ಪಟ್ಟಿಯಲ್ಲಿದ್ದ ಹಲವರು ಹೊರಬಿದ್ದರು. ಆಗ ನ್ಯಾಯ ಕೇಳುವ ಸರದಿ ಅವರದಾಯಿತು.

ಮೇಲ್ಮನವಿ ಹೈಕೋರ್ಟ್‌ನ ವಿಭಾಗೀಯ ಪೀಠಕ್ಕೆ ಹೋದಾಗ ಬಿದ್ದ ಪೆಟ್ಟು ಪ್ರಮಾಣಪತ್ರದ್ದಲ್ಲ, ಮೊದಲು ತಟ್ಟಿದ ಬಾಗಿಲಿನದು. 2023ರ ಅಕ್ಟೋಬರ್‌ನಲ್ಲಿ ಅದು ಏಕಸದಸ್ಯ ಆದೇಶವನ್ನು ಬದಿಗಿಟ್ಟು, ನೇಮಕಾತಿ ವಿವಾದ ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಅಂದರೆ ಕೆಎಟಿಗೆ ಹೋಗಬೇಕು ಎಂದಿತು. 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೂಡ ಅದನ್ನೇ ಎತ್ತಿಹಿಡಿಯಿತು. 1997ರ ಎಲ್. ಚಂದ್ರಕುಮಾರ್ ತೀರ್ಪಿನಿಂದಲೇ ಇದು ಸ್ಪಷ್ಟವಿತ್ತು. ಆದರೂ 'ನೇರವಾಗಿ ಹೈಕೋರ್ಟ್‌ಗೆ ಹೋದರೆ ಬೇಗ ಆಗುತ್ತದೆ' ಎಂಬ ಆಸೆ ಕಕ್ಷಿದಾರರಿಗೂ ಬಿಡದು, ಕೆಲವು ವಕೀಲರಿಗೂ ಬಿಡದು. ಅದರ ಬೆಲೆ ವರ್ಷಗಳಲ್ಲಿ ತೆರಬೇಕಾಗುತ್ತದೆ.

ಕೆಎಟಿಗೆ ಹೋಗುವುದು 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 19ನೇ ಕಲಮಿನಡಿ. ಅಂತಿಮ ಆದೇಶದಿಂದ ಒಂದು ವರ್ಷದ ಗಡುವು 21ನೇ ಕಲಮಿನಲ್ಲಿದೆ. ತಾತ್ಕಾಲಿಕ ಪಟ್ಟಿಗೆ ಆಕ್ಷೇಪಣೆ ಕರೆದಾಗ ಆ ಅವಧಿಯೊಳಗೇ ಲಿಖಿತವಾಗಿ ಸಲ್ಲಿಸಿ, ಸ್ವೀಕೃತಿ ಇಟ್ಟುಕೊಂಡಿರಬೇಕು. 'ಆಕ್ಷೇಪಣೆಯನ್ನೇ ಸಲ್ಲಿಸಿಲ್ಲ' ಎಂಬುದು ಸರ್ಕಾರಿ ವಕೀಲರ ಮೊದಲ ವಾದವಾಗಿರುತ್ತದೆ. ಇನ್ನು ಇಲಾಖೆಯನ್ನು ಮಾತ್ರ ಪ್ರತಿವಾದಿ ಮಾಡಿದರೆ ಸಾಲದು. ನಿಮ್ಮ ಅರ್ಜಿ ಗೆದ್ದರೆ ಹುದ್ದೆ ಕಳೆದುಕೊಳ್ಳುವವರು ಯಾರೋ ಅವರಲ್ಲಿ ಕೆಲವರನ್ನಾದರೂ ಪ್ರಾತಿನಿಧಿಕವಾಗಿ ಸೇರಿಸಬೇಕು. ಉತ್ತರ ಪ್ರದೇಶದ ಶಿಕ್ಷಕರಿಗೇ ಸಂಬಂಧಿಸಿದ ಪ್ರಬೋಧ್ ವರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದ್ದು 1984ರಲ್ಲಿ. ಇಂದಿಗೂ ಈ ಒಂದು ಲೋಪಕ್ಕೆ ಅರ್ಜಿಗಳು ಬೀಳುತ್ತವೆ.

ಇಷ್ಟಾದ ಮೇಲೆ ಅಂಕದ ಲೆಕ್ಕ. ಇಲ್ಲಿ ಹೆಚ್ಚು ಎಡವುವುದು ಸಮತಲ ಮೀಸಲಾತಿಯಲ್ಲಿ: ರಾಜ್ಯದ ಸಾಮಾನ್ಯ ನಿಯಮದಂತೆ ಮಹಿಳೆ 33%, ಗ್ರಾಮೀಣ 25%, ಕನ್ನಡ ಮಾಧ್ಯಮ 5%. ಇವು ಪ್ರತ್ಯೇಕ ಕೋಟಾ ಅಲ್ಲ, ಪ್ರತಿ ಪ್ರವರ್ಗದ ಒಳಗೆ ಅಡ್ಡಲಾಗಿ ಹಾಯುವಂಥವು. ಒಂದು ಜಿಲ್ಲೆಯಲ್ಲಿ ಒಂದು ವಿಷಯಕ್ಕೆ 2ಎಯಲ್ಲಿ 6 ಹುದ್ದೆ ಇದೆಯೆನ್ನಿ. ಮಹಿಳೆಯರ ಪಾಲು 2. ಮೊದಲು ಲಿಂಗ ನೋಡದೆ ಅರ್ಹತೆಯ ಮೇಲೆ ಆರು ಹೆಸರು ಬರೆಯಬೇಕು. ಅದರಲ್ಲಿ ಇಬ್ಬರು ಮಹಿಳೆಯರು ತಾವಾಗಿಯೇ ಇದ್ದರೆ ಮುಂದೆ ಏನೂ ಮಾಡುವಂತಿಲ್ಲ. ಒಬ್ಬರೇ ಇದ್ದರೆ 2ಎಯಲ್ಲೇ ಅಂಕದಲ್ಲಿ ನಂತರದ ಮಹಿಳೆ ಒಳಬರುತ್ತಾರೆ, ಪಟ್ಟಿಯ ಕೊನೆಯ ಪುರುಷ ಹೊರಹೋಗುತ್ತಾರೆ. ಆ ಪುರುಷ ಗ್ರಾಮೀಣ ಪಾಲನ್ನು ತುಂಬುತ್ತಿದ್ದರೆ ಅವರ ಮೇಲಿನವರನ್ನು ನೋಡಬೇಕು. ರಾಜೇಶ್ ಕುಮಾರ್ ದರಿಯಾ (2007) ತೀರ್ಪು ಹೇಳುವ ಕ್ರಮವೂ ಇದೇ. ಮೊದಲೇ ಎರಡು ಹುದ್ದೆ ಎತ್ತಿಟ್ಟು ಉಳಿದ ನಾಲ್ಕಕ್ಕೆ ಪಟ್ಟಿ ಮಾಡಿದರೆ ಮಹಿಳೆಯರ ಸಂಖ್ಯೆ ಪಾಲನ್ನು ಮೀರಬಹುದು, ತಕರಾರು ಹುಟ್ಟುತ್ತದೆ.

ಸಾಮಾನ್ಯ ಅರ್ಹತೆಯ ಮಹಿಳಾ ಹುದ್ದೆ ಎಂದರೆ ಮೀಸಲಾತಿ ಇಲ್ಲದ ಜಾತಿಯ ಮಹಿಳೆಗೆ ಮೀಸಲು ಎಂದು ಓದುವುದು ಇನ್ನೊಂದು ತಪ್ಪು. 2020ರ ಸೌರವ್ ಯಾದವ್ ತೀರ್ಪಿನ ನಂತರ ಇದರಲ್ಲಿ ಅನುಮಾನಕ್ಕೆ ಎಡೆಯಿಲ್ಲ. ಅಂಕ ಹೆಚ್ಚಿದ್ದರೆ ಪರಿಶಿಷ್ಟ ಜಾತಿಯ ಅಥವಾ 2ಎ ಮಹಿಳೆಯೂ ಆ ಜಾಗಕ್ಕೆ ಬರುತ್ತಾರೆ.

ಶಿಕ್ಷಕರ ಅರ್ಹತಾ ಪರೀಕ್ಷೆಯಾದ ಟಿಇಟಿಯಲ್ಲಿ 60%ರ ಬದಲು ರಿಯಾಯಿತಿಯ ಅಂಕದಲ್ಲಿ ಪಾಸಾದವರನ್ನು ಸಾಮಾನ್ಯ ಅರ್ಹತೆಗೆ ಪರಿಗಣಿಸಬಾರದು ಎಂಬ ಆಕ್ಷೇಪವೂ ಆಗಾಗ ಬರುತ್ತದೆ. ರಾಜಸ್ಥಾನದ ಶಿಕ್ಷಕರ ವಿಕಾಸ್ ಸಂಖಲಾ ಪ್ರಕರಣದಲ್ಲಿ (2016), ಟಿಇಟಿ ಅರ್ಹತೆಗಷ್ಟೇ ಸೇರಿದ್ದು, ಅಲ್ಲಿನ ರಿಯಾಯಿತಿ ನೇಮಕಾತಿಯ ರಿಯಾಯಿತಿಯಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದೆ. ವಯೋಮಿತಿ ಸಡಿಲಿಕೆಯ ಮಾತು ಬೇರೆ. ಅದನ್ನು ಬಳಸಿದವರು ಸಾಮಾನ್ಯ ಹುದ್ದೆಗೆ ಹೋಗುವಂತಿಲ್ಲ ಎಂದು ನಿಯಮದಲ್ಲೇ ಇದ್ದರೆ ನ್ಯಾಯಾಲಯ ನಿಯಮದ ಜೊತೆ ನಿಲ್ಲುತ್ತದೆ. 2017ರ ದೀಪಾ ಇ.ವಿ. ತೀರ್ಪು ಅಂಥದ್ದು. ಹಾಗೆಂದು ನಿಯಮವೇ ಸರಿಯಿಲ್ಲ ಅನ್ನಿಸಿದರೆ ಅದನ್ನು ಪರೀಕ್ಷೆಗೆ ಮೊದಲೇ ಪ್ರಶ್ನಿಸಬೇಕು. ಪರೀಕ್ಷೆ ಬರೆದು, ಪಟ್ಟಿಯಲ್ಲಿ ಹೆಸರಿಲ್ಲವೆಂದು ತಿಳಿದ ಮೇಲೆ ಅಧಿಸೂಚನೆಯ ತಪ್ಪು ಎತ್ತಿದರೆ ಪ್ರಕ್ರಿಯೆಯಲ್ಲಿ ಪಾಲ್ಗೊಂಡು ಸೋತ ಮೇಲೆ ಅದನ್ನು ಪ್ರಶ್ನಿಸುವಂತಿಲ್ಲ ಎನ್ನುವ 1995ರ ಮದನ್ ಲಾಲ್ ತೀರ್ಪನ್ನು ಎದುರು ಪಕ್ಷ ಮೊದಲ ವಿಚಾರಣೆಯಲ್ಲೇ ಮುಂದಿಡುತ್ತದೆ.