ಕಿತ್ತೂರಿನ ಸೆರೆಯಾಳು, ಡಾರ್ವಿನ್ನರ ಪಾರಿವಾಳಗಳು

ಚಾರ್ಲ್ಸ್ ಡಾರ್ವಿನ್ನರ ‘ಆನ್ ದಿ ಆರಿಜಿನ್ ಆಫ್ ಸ್ಪೀಷೀಸ್’ 1859ರ ನವೆಂಬರ್ 24ರಂದು ಲಂಡನ್ನಿನಲ್ಲಿ ಪ್ರಕಟವಾಯಿತು. ಜೀವವಿಕಾಸ ಎಂದೊಡನೆ ನಮಗೆ ಮಂಗ ಮತ್ತು ಮನುಷ್ಯರ ಚಿತ್ರವೇ ನೆನಪಿಗೆ ಬಂದರೂ, ಆ ಗ್ರಂಥದ ಮೊದಲ ಅಧ್ಯಾಯದ ತುಂಬ ಇರುವುದು ಮನುಷ್ಯ ಸಾಕಿ ಬೆಳೆಸಿದ ಪ್ರಾಣಿಗಳು, ಅವುಗಳಲ್ಲಿಯೂ ಮುಖ್ಯವಾಗಿ ಪಾರಿವಾಳಗಳು. ಹಲವು ದೇಶಗಳಿಂದ ತಮಗೆ ಪಾರಿವಾಳದ ಚರ್ಮಗಳನ್ನು ಕಳುಹಿಸಿದವರಲ್ಲಿ ಇಬ್ಬರನ್ನು ಡಾರ್ವಿನ್ ಅಲ್ಲಿ ವಿಶೇಷವಾಗಿ ನೆನೆಯುತ್ತಾರೆ. ಒಬ್ಬರು ಪರ್ಷಿಯಾದಿಂದ ಕಳುಹಿಸಿದ ಸಿ. ಮರ್ರೆ, ಇನ್ನೊಬ್ಬರು ಭಾರತದಿಂದ ಕಳುಹಿಸಿದ ಡಬ್ಲ್ಯು. ಎಲಿಯಟ್. ಈ ಎಲಿಯಟ್, 1824ರ ಅಕ್ಟೋಬರಿನಲ್ಲಿ ಕಿತ್ತೂರು ರಾಣಿ ಚೆನ್ನಮ್ಮನ ಸೈನ್ಯಕ್ಕೆ ಸೆರೆಸಿಕ್ಕ ಇಬ್ಬರು ಬ್ರಿಟಿಷ್ ಅಧಿಕಾರಿಗಳಲ್ಲಿ ಒಬ್ಬರಾದ ವಾಲ್ಟರ್ ಎಲಿಯಟ್ ಅವರೇ ಎಂದು ತಿಳಿದಾಗ ನನಗಾದ ಬೆರಗು ಇನ್ನೂ ಇಳಿದಿಲ್ಲ. ಬಾಲ್ಯದಿಂದ ಕೇಳಿದ ಕಿತ್ತೂರಿನ ಕಥೆಗೂ ಆಧುನಿಕ ವಿಜ್ಞಾನದ ಅತ್ಯಂತ ದೊಡ್ಡ ಸಿದ್ಧಾಂತಕ್ಕೂ ನಡುವೆ ಇಂಥದೊಂದು ಎಳೆ ಇದೆಯೆಂದು ಯಾವ ಪಾಠದಲ್ಲಿಯೂ ನಾನು ಓದಿರಲಿಲ್ಲ. ಆ ಊರನ್ನು ಈ ಹೊಸ ಕಣ್ಣಿನಿಂದ ನೋಡಬೇಕೆಂದು, ಅಕ್ಟೋಬರಿನ ಉತ್ಸವದ ಗದ್ದಲ ಮುಗಿದ ಮೇಲೆ ಬೆಳಗಾವಿ ಜಿಲ್ಲೆಗೆ ಹೊರಟೆ.

ಬೆಳಗಾವಿಯಿಂದ ಕಿತ್ತೂರು ಧಾರವಾಡದ ದಿಕ್ಕಿನಲ್ಲಿ, ರಾಷ್ಟ್ರೀಯ ಹೆದ್ದಾರಿಯಲ್ಲಿ ಸುಮಾರು 50 ಕಿಲೋಮೀಟರ್ ದೂರದಲ್ಲಿದೆ. ದಾರಿ ಚೆನ್ನಾಗಿದೆ, ಆದರೆ ಬಸ್ಸನ್ನು ನೋಡಿ ಹತ್ತಬೇಕು. ನಾನು ಹತ್ತಿದ ಖಾಸಗಿ ಬಸ್ಸಿನವನು ಕಿತ್ತೂರಿನಲ್ಲಿ ನಿಲ್ಲಿಸುವುದಾಗಿ ಹೇಳಿ ಹಣ ಪಡೆದು, ಊರು ಹಿಂದೆ ಸರಿದ ಮೇಲೆ ಹೆದ್ದಾರಿಯ ಅಂಚಿನಲ್ಲಿ ಇಳಿಸಿ ಹೋದ. ಲಾರಿಗಳು ಕಿವಿಯ ಪಕ್ಕದಲ್ಲೇ ಹಾಯುವ ಆ ರಸ್ತೆಯಲ್ಲಿ ಬಿಸಿಲಿನಲ್ಲಿ ಹಿಂದಕ್ಕೆ ನಡೆಯಬೇಕಾಯಿತು, ಆ ಸಿಟ್ಟು ಈಗಲೂ ಆರಿಲ್ಲ. ಮಕ್ಕಳನ್ನೋ ವಯಸ್ಸಾದವರನ್ನೋ ಕರೆದುಕೊಂಡು ಹೋಗುವವರು ಊರೊಳಗೆ ಹೋಗಿ ನಿಲ್ದಾಣದಲ್ಲಿ ನಿಲ್ಲುವ ಬಸ್ಸು ಯಾವುದೆಂದು ವಿಚಾರಿಸಿಕೊಂಡೇ ಚೀಟಿ ತೆಗೆಸಬೇಕು.

ಕಿತ್ತೂರಿನ ಕೋಟೆಯಲ್ಲಿ ನನಗೆ ಹಿಡಿಸಿದ್ದು ಅರಮನೆಯ ಪಾಳುಗೋಡೆಗಳು. ಬಣ್ಣ ಬಳಿದು ನಿಲ್ಲಿಸಿದ ಹೊಸ ಪ್ರತಿಮೆಗಳಿಗಿಂತ, ಸ್ನಾನದ ಮನೆ, ಅಡುಗೆಮನೆ, ನೀರು ಹರಿಯುವ ದಾರಿಗಳ ಗುರುತನ್ನು ಇನ್ನೂ ಉಳಿಸಿಕೊಂಡಿರುವ ಈ ಗೋಡೆಗಳ ಮುಂದೆ ನಿಂತಾಗ ಇತಿಹಾಸ ಹೆಚ್ಚು ನಿಜವೆನಿಸುತ್ತದೆ. ಗೋಡೆಯಲ್ಲಿ ಧ್ರುವನಕ್ಷತ್ರವನ್ನು ನೋಡಲು ಮಾಡಿದ ಕಂಡಿಯೂ ಇದೆ. ಇಲ್ಲಿ ನಡೆದದ್ದನ್ನು ಕನ್ನಡಿಗರಿಗೆ ಹೇಳಬೇಕಾಗಿಲ್ಲ, ಆದರೂ ಎಲಿಯಟ್ ಅವರ ಸಲುವಾಗಿ ಚಿಕ್ಕದಾಗಿ ನೆನೆಯುತ್ತೇನೆ. 1824ರ ಸೆಪ್ಟೆಂಬರಿನಲ್ಲಿ ದೊರೆ ಶಿವಲಿಂಗರುದ್ರ ಸರ್ಜ ತೀರಿಕೊಂಡ ಮೇಲೆ ದತ್ತಕವನ್ನು ಒಪ್ಪಲು ಕಂಪನಿ ಸರ್ಕಾರ ನಿರಾಕರಿಸಿತು. ಧಾರವಾಡದ ಕಲೆಕ್ಟರ್ ಸೇಂಟ್ ಜಾನ್ ಥ್ಯಾಕರೆ ಪಡೆಯೊಂದಿಗೆ ಬಂದು, ಅಕ್ಟೋಬರ್ 23ರಂದು ಕೋಟೆಯ ಮುಂದೆ ಹತರಾದರು. ಅವರ ಸಹಾಯಕರಾಗಿದ್ದ ಎಲಿಯಟ್ ಮತ್ತು ಸ್ಟೀವನ್ಸನ್ ಸೆರೆಯಾದರು. ಆಗ ಎಲಿಯಟ್ ಅವರಿಗೆ ವಯಸ್ಸು 21. ಯುದ್ಧ ನಿಲ್ಲುತ್ತದೆಂಬ ಭರವಸೆಯ ಮೇಲೆ ರಾಣಿ ಇಬ್ಬರನ್ನೂ ಬಿಡುಗಡೆ ಮಾಡಿದಳು. ಆ ಭರವಸೆಯನ್ನು ಕಂಪನಿ ಉಳಿಸಿಕೊಳ್ಳಲಿಲ್ಲ. ಡಿಸೆಂಬರಿನಲ್ಲಿ ಕಿತ್ತೂರು ಬಿತ್ತು, ಚೆನ್ನಮ್ಮ ಬೈಲಹೊಂಗಲದ ಸೆರೆಯಲ್ಲಿ 1829ರ ಫೆಬ್ರುವರಿ 2ರಂದು ತೀರಿಕೊಂಡಳು.

ಸಿಟ್ಟಿನ ಆ ದಿನಗಳಲ್ಲಿ ಸೆರೆಯಾಳುಗಳನ್ನು ಕೊಲ್ಲುವುದು ಕಷ್ಟವಾಗಿರಲಿಲ್ಲ. ರಾಣಿ ಹಾಗೆ ಮಾಡಲಿಲ್ಲ. ಬದುಕಿ ಹೊರಬಂದ ಆ ತರುಣ 1833ರವರೆಗೆ ಇದೇ ಸೀಮೆಯಲ್ಲಿ ಉಳಿದು, ಇಲ್ಲಿನ ಕಲ್ಲು, ಇಲಿ, ಹಕ್ಕಿ ಎಲ್ಲವನ್ನೂ ಗಮನವಿಟ್ಟು ನೋಡಿದರು. ಊರೂರು ತಿರುಗಿ ಸಂಗ್ರಹಿಸಿದ ಶಾಸನಗಳ ಪ್ರತಿಗಳು 595. ಅವುಗಳನ್ನು ಆಧರಿಸಿ 1837ರಲ್ಲಿ ಪ್ರಕಟಿಸಿದ ಲೇಖನ ಚಾಲುಕ್ಯರ ಇತಿಹಾಸವನ್ನು ಕಾಲಾನುಕ್ರಮದಲ್ಲಿ ಜೋಡಿಸುವ ಮೊದಲ ಪ್ರಯತ್ನಗಳಲ್ಲಿ ಒಂದು. 1839ರಲ್ಲಿ ಅವರು ದಕ್ಷಿಣ ಮರಾಠಾ ಸೀಮೆಯ, ಅಂದರೆ ಇಂದಿನ ಬೆಳಗಾವಿ ಮತ್ತು ಧಾರವಾಡದ ಸುತ್ತಿನ ನಾಡಿನ ಸಸ್ತನಿಗಳ ಪಟ್ಟಿಯನ್ನು ಮದರಾಸಿನ ಪತ್ರಿಕೆಯೊಂದರಲ್ಲಿ ಅಚ್ಚು ಹಾಕಿಸಿದರು. ನಮ್ಮ ಹೊಲದ ಬದುಗಳಲ್ಲಿ, ಪೊದೆಗಳಲ್ಲಿ ಇರುವ ಒಂದು ಇಲಿ ‘ಗೋಲುಂದ ಎಲಿಯಟಿ’ ಎಂಬ ವೈಜ್ಞಾನಿಕ ಹೆಸರಿನಲ್ಲಿ ಇಂದಿಗೂ ಅವರನ್ನು ಹೊತ್ತುಕೊಂಡಿದೆ. ಡಾರ್ವಿನ್ 1856ರ ಜನವರಿಯಲ್ಲಿ ಎಲಿಯಟ್ ಅವರಿಗೆ ಪತ್ರ ಬರೆದು, ಭಾರತದ ಸಾಕು ಪಾರಿವಾಳ ಮತ್ತು ಕೋಳಿಗಳ ಚರ್ಮ ಬೇಕೆಂದು ಕೇಳುವ ಹೊತ್ತಿಗೆ ಅವರು ಮದರಾಸಿನಲ್ಲಿ ದೊಡ್ಡ ಹುದ್ದೆಯಲ್ಲಿದ್ದರು. ಆದರೆ ಪ್ರಾಣಿಗಳನ್ನು ಕೂಲಂಕಷವಾಗಿ ನೋಡುವ ಅಭ್ಯಾಸ ಅವರಲ್ಲಿ ಬಲಿತದ್ದು ಈ ಸೀಮೆಯಲ್ಲಿಯೇ ಎಂದು ನಾನು ನಂಬುತ್ತೇನೆ.

ಅರಮನೆಯ ಗೋಡೆಯ ಬಿರುಕುಗಳಲ್ಲಿ ಪಾರಿವಾಳಗಳು ಗೂಡು ಮಾಡಿದ್ದವು. ಬೂದಿ ಬೆರೆತ ನೀಲಿ ಮೈ, ರೆಕ್ಕೆಯ ಮೇಲೆ ಎರಡು ಕಪ್ಪು ಪಟ್ಟೆ, ಬಾಲದ ತುದಿಯಲ್ಲಿ ಇನ್ನೊಂದು. ನಾನು ಮುಖ್ಯವಾಗಿ ನೋಡಬೇಕೆಂದುಕೊಂಡದ್ದು ಅವುಗಳ ಬೆನ್ನಿನ ಕೆಳಭಾಗ. ಯುರೋಪಿನ ಕಾಡು ಪಾರಿವಾಳಕ್ಕೆ ಬಾಲದ ಬುಡ ಬಿಳಿಯಾಗಿರುತ್ತದೆ, ಭಾರತದ ಉಪಜಾತಿಗೆ ಅದು ನೀಲಿ ಛಾಯೆಯದು ಎಂದು ಡಾರ್ವಿನ್ ಆ ಮೊದಲ ಅಧ್ಯಾಯದಲ್ಲಿಯೇ ಗುರುತಿಸಿದ್ದಾರೆ. ಒಂದು ಹಕ್ಕಿ ಗೋಡೆಯಿಂದ ಕೆಳಗೆ ಹಾರಿ ರೆಕ್ಕೆ ಬಿಡಿಸಿದಾಗ ಆ ನೀಲಿ ಬೂದು ಸ್ಪಷ್ಟವಾಗಿ ಕಂಡಿತು. ಪ್ರವಾಸಿಗರು ಸೆಲ್ಫಿ ತೆಗೆದುಕೊಳ್ಳುತ್ತಿದ್ದ ಆ ಅಂಗಳದಲ್ಲಿ ನಾನು ಬಹಳ ಹೊತ್ತು ಆ ಹಕ್ಕಿಗಳನ್ನೇ ನೋಡುತ್ತ ಕುಳಿತೆ.

ಡಾರ್ವಿನ್ನರಿಗೆ ಪಾರಿವಾಳಗಳು ಏಕೆ ಬೇಕಾಗಿದ್ದವು ಎಂಬುದನ್ನು ಇಲ್ಲಿ ಸ್ವಲ್ಪ ಬಿಡಿಸಿ ಹೇಳಬೇಕು. ಬೀಸಣಿಗೆಯಂಥ ಬಾಲದ ಲಕ್ಕಾ, ಗಂಟಲು ಉಬ್ಬಿಸುವ ತಳಿ, ಆಕಾಶದಲ್ಲಿ ಲಾಗ ಹಾಕುವ ತಳಿ, ಇವನ್ನೆಲ್ಲ ಕಾಡು ಹಕ್ಕಿಗಳೆಂದು ಹೇಳಿ ಪಕ್ಷಿತಜ್ಞರ ಮುಂದಿಟ್ಟರೆ ಅವರು ಕನಿಷ್ಠ 20 ಬೇರೆ ಬೇರೆ ಪ್ರಭೇದಗಳೆಂದು ಎಣಿಸುತ್ತಾರೆ, ಆದರೆ ಎಲ್ಲವೂ ಒಂದೇ ಕಾಡು ಪಾರಿವಾಳದಿಂದ ಬಂದವು ಎಂಬುದು ಅವರ ವಾದ. ಅದಕ್ಕಾಗಿ ಅವರು 1855ರಿಂದ ಮನೆಯಲ್ಲಿ ಪಾರಿವಾಳಗಳನ್ನು ಸಾಕಿದರು, ಲಂಡನ್ನಿನ ಎರಡು ಪಾರಿವಾಳ ಕ್ಲಬ್ಬುಗಳಿಗೆ ಸೇರಿದರು. ಅಪ್ಪಟ ಬಿಳಿಯ ಲಕ್ಕಾಗಳನ್ನು ಅಪ್ಪಟ ಕಪ್ಪು ಬಣ್ಣದ ಬಾರ್ಬ್ ತಳಿಯೊಂದಿಗೆ ಕೂಡಿಸಿದಾಗ ಕಂದು ಕಪ್ಪು ಮಿಶ್ರಿತ ಮರಿಗಳು ಹುಟ್ಟಿದವು. ಆ ಮರಿಗಳನ್ನು ಮತ್ತೆ ಕೂಡಿಸಿದಾಗ, ಬಿಳಿ ಮತ್ತು ಕಪ್ಪು ಅಜ್ಜ ಅಜ್ಜಿಯರ ಒಂದು ಮೊಮ್ಮರಿ ಕಾಡು ಪಾರಿವಾಳದ ಚೆಂದದ ನೀಲಿ ಬಣ್ಣ, ರೆಕ್ಕೆಯ ಜೋಡಿ ಪಟ್ಟೆಗಳೊಂದಿಗೆ ಹುಟ್ಟಿತು. ತಂದೆ ತಾಯಿಯಲ್ಲಿ ಕಾಣದ ಗುರುತು ಹೀಗೆ ಮರಳಿ ಬರಬೇಕಾದರೆ ಅದು ಪೂರ್ವಜರದೇ ಆಗಿರಬೇಕು. ಸಾಕುವವರು ತಮಗೆ ಬೇಕಾದ ಹಕ್ಕಿಯನ್ನು ಆರಿಸಿ ಉಳಿಸಿಕೊಂಡು ಇಷ್ಟು ಬದಲಾವಣೆ ತರಬಲ್ಲರಾದರೆ, ಬದುಕಿನ ಪೈಪೋಟಿಯಲ್ಲಿ ನಿಸರ್ಗ ಲಕ್ಷಾಂತರ ವರ್ಷ ಮಾಡುವ ಆಯ್ಕೆ ಎಷ್ಟು ತರಲಾರದು ಎಂಬ ಪ್ರಶ್ನೆಗೆ ಓದುಗರನ್ನು ಅವರು ಹೀಗೆ ಮೆಲ್ಲನೆ ಕರೆತರುತ್ತಾರೆ. ಹಸ್ತಪ್ರತಿಯನ್ನು ಓದಿದ ಸಂಪಾದಕ ವಿಟ್‌ವೆಲ್ ಎಲ್ವಿನ್, ಎಲ್ಲರಿಗೂ ಪಾರಿವಾಳವೆಂದರೆ ಇಷ್ಟ, ಅವುಗಳ ಬಗ್ಗೆ ಮಾತ್ರ ಬರೆದರೆ ಸಾಕು ಎಂದು ಸಲಹೆ ಕೊಟ್ಟಿದ್ದರು. ಡಾರ್ವಿನ್ ಅದನ್ನು ಒಪ್ಪದೆ ಇದ್ದದ್ದು ನಮ್ಮೆಲ್ಲರ ಪುಣ್ಯ.

ಮುಂದಿನ ದಿನಗಳು ಬೆಳಗಾವಿಯ ಕೋಟೆ, ನೀರು ಇಳಿದಿದ್ದ ಗೋಕಾಕ ಜಲಪಾತ ಎಂದು ಕಳೆದವು. ಅವುಗಳ ಬಗ್ಗೆ ಬರೆದವರು ಬಹಳ ಮಂದಿ ಇದ್ದಾರೆ. ನಾನು ಹೇಳಬೇಕಾದದ್ದು ಬೈಲಹೊಂಗಲದ ಒಂದು ಮಧ್ಯಾಹ್ನದ ಬಗ್ಗೆ.

ಚೆನ್ನಮ್ಮನ ಸಮಾಧಿಗೆ ನಮಸ್ಕರಿಸಿ, ಖಾನಾವಳಿಯೊಂದರಲ್ಲಿ ಬಿಸಿ ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹಿಂಡಿ ಊಟ ಮಾಡಿ ಹೊರಬಂದಾಗ, ಪಕ್ಕದ ಮಾಳಿಗೆಯ ಮೇಲೆ ಪಾರಿವಾಳಗಳ ಗುಂಪೊಂದು ಸುತ್ತುತ್ತಿತ್ತು. ಕೆಳಗೆ ನಿಂತು ನೋಡುತ್ತಿದ್ದ ನನ್ನನ್ನು ಮೇಲಿನಿಂದ ಒಬ್ಬ ಹಿರಿಯರು ಕರೆದರು. “ಬರ್ರಿ ಸರ, ಮ್ಯಾಲ ಬರ್ರಿ, ಅಲ್ಲಿಂದ ಏನ್ ಕಾಣತೈತಿ?” ಹಲಗೆಯ ಗೂಡುಗಳಲ್ಲಿ ಅವರು ಎತ್ತರಕ್ಕೆ ಹಾರುವ ಗಿರೇಬಾಜ್, ಲಕ್ಕಾ, ತಲೆಯ ಮೇಲೆ ಜುಟ್ಟಿದ್ದ ಕೆಲವು ಹಕ್ಕಿಗಳನ್ನು ಸಾಕಿದ್ದರು. ಹೈಸ್ಕೂಲು ಓದುವ ಮೊಮ್ಮಗ ಜೋಳ ಹಾಕುತ್ತಿದ್ದ.

“ಯಾವ ಮರಿ ಇಟ್ಟುಕೊಳ್ಳಬೇಕು ಅಂತ ಹೇಗೆ ಗೊತ್ತು ಮಾಡುತ್ತೀರಿ ಕಾಕಾ?” ಎಂದು ಕೇಳಿದೆ.

“ಹಾರೂದು ನೋಡಬೇಕ್ರಿ. ಛಲೋ ಹಾರಿದ್ದನ್ನ ಛಲೋ ಹಾರಿದ್ದರ ಜೋಡೀನ ಕೂಡಸಬೇಕು. ಹತ್ತು ಮರಿಯಾಗ ಎರಡೋ ಮೂರೋ ಇಟಗೊಂತೀವಿ, ಉಳದದ್ದು ಸಂತಿಗೆ. ಈ ಲಕ್ಕಾ ನೋಡ್ರಿ, ನಮ್ಮಪ್ಪನ ಕಾಲದಾಗ ಬಾಲ ಇಷ್ಟ ಅಗಲ ಇರಲಿಲ್ಲ. ನಾವೇನ ಅಗಲ ಮಾಡಬೇಕಂತ ಮಾಡಿಲ್ಲ. ಚಂದ ಕಂಡದ್ದನ್ನ ಇಟಗೊಂತ ಬಂದ್ವಿ, ಅಷ್ಟ.”

ಯಾವ ಉದ್ದೇಶವೂ ಇಲ್ಲದೆ, ಚೆನ್ನಾಗಿ ಕಂಡದ್ದನ್ನು ಉಳಿಸಿಕೊಂಡೇ ತಲೆಮಾರುಗಳಲ್ಲಿ ತಳಿ ಬದಲಾಗುವ ಬಗೆಯನ್ನು ಡಾರ್ವಿನ್ ಅರಿವಿಲ್ಲದ ಆಯ್ಕೆ ಎಂದು ಕರೆದು ಪುಟಗಟ್ಟಲೆ ವಿವರಿಸಿದ್ದಾರೆ. ಬೈಲಹೊಂಗಲದ ಮಾಳಿಗೆಯ ಮೇಲೆ ಅದು ನಾಲ್ಕು ಮಾತಿನಲ್ಲಿ ಮುಗಿದಿತ್ತು. ಬಿಳಿ ಮತ್ತು ಕಪ್ಪು ಹಕ್ಕಿಗಳನ್ನು ಕೂಡಿಸಿದರೆ ಏನಾಗುತ್ತದೆ ಎಂದು ಕೇಳಿದಾಗ ಕಾಕಾ ಕೈ ಅಲ್ಲಾಡಿಸಿದರು. “ಅದರ ಮಾತ ಬ್ಯಾಡ್ರಿ. ಆ ಮರಿಗೋಳನ್ನ ಮತ್ತ ಕೂಡಿಸಿದ್ರ ಒಮ್ಮೊಮ್ಮೆ ಗುಡ್ಡದ ಪಾರಿವಾಳದ ಬಣ್ಣದ್ದ ಹುಟ್ಟತೈತಿ. ಎಲ್ಲಿಂದ ಬಂತೋ ಅನಸತೈತಿ.”

ಆಗ ನಾನು ಎಲಿಯಟ್ ಅವರ ಕಥೆಯನ್ನು, ಡಾರ್ವಿನ್ನರ ಪ್ರಯೋಗವನ್ನು ಇಬ್ಬರಿಗೂ ಹೇಳಿದೆ. ಗುಣಗಳು ಪೀಳಿಗೆಯಿಂದ ಪೀಳಿಗೆಗೆ ಹೇಗೆ ಹೋಗುತ್ತವೆ ಎಂಬುದು ಡಾರ್ವಿನ್ನರಿಗೆ ಕೊನೆಯವರೆಗೂ ಬಗೆಹರಿಯಲಿಲ್ಲ. ಗ್ರೆಗರ್ ಮೆಂಡೆಲ್ 1866ರಲ್ಲಿ ಬಟಾಣಿ ಗಿಡಗಳ ಮೇಲಿನ ಕೆಲಸವನ್ನು ಪ್ರಕಟಿಸಿದ್ದರೂ ಜಗತ್ತು ಅದನ್ನು ಗಮನಿಸಿದ್ದು 1900ರಲ್ಲಿ. ಡಾರ್ವಿನ್ನರ ಆಯ್ಕೆ, ಮೆಂಡೆಲ್ಲರ ಆನುವಂಶಿಕತೆ ಎಂಬ ಎರಡು ದಾರಿಗಳನ್ನು ಗಣಿತದಿಂದ ಬೆಸೆದ ಮೂವರು ವಿಜ್ಞಾನಿಗಳಲ್ಲಿ ಒಬ್ಬರಾದ ಜೆ.ಬಿ.ಎಸ್. ಹಾಲ್ಡೇನ್ 1957ರಲ್ಲಿ ಭಾರತಕ್ಕೆ ಬಂದು ನೆಲೆಸಿ, 1964ರಲ್ಲಿ ಭುವನೇಶ್ವರದಲ್ಲಿ ತೀರಿಕೊಂಡರು. ಹುಡುಗನಿಗೆ ಹಿಡಿಸಿದ್ದು ಜುಟ್ಟಿನ ವಿಷಯ. 2013ರಲ್ಲಿ ಮೈಕೆಲ್ ಶಪಿರೊ ಮತ್ತು ಸಂಗಡಿಗರು ಪಾರಿವಾಳದ ಜೀನೋಮನ್ನು ಪೂರ್ತಿಯಾಗಿ ಓದಿ, ಹಲವು ತಳಿಗಳ ಜುಟ್ಟಿಗೆ ಇಪಿಎಚ್‌ಬಿ2 ಎಂಬ ಒಂದೇ ಜೀನಿನಲ್ಲಿ ಆದ ಬದಲಾವಣೆ ಕಾರಣವೆಂದು ತೋರಿಸಿದರು. ಎಲ್ಲ ತಳಿಗಳೂ ಕಾಡು ಪಾರಿವಾಳದ ಸಂತತಿ ಎಂಬ ಮಾತಿಗೂ ಅದರಿಂದ ಬಲ ಬಂತು. ಆದರೆ 2023ರಲ್ಲಿ ರಾಷ್ಟ್ರಮಟ್ಟದ 10ನೆಯ ತರಗತಿಯ ವಿಜ್ಞಾನ ಪಠ್ಯದಿಂದ ವಿಕಾಸದ ಭಾಗವನ್ನು ಕೈಬಿಡಲಾಯಿತು, 1,800ಕ್ಕೂ ಹೆಚ್ಚು ವಿಜ್ಞಾನಿಗಳು ಮತ್ತು ಶಿಕ್ಷಕರು ಅದನ್ನು ವಿರೋಧಿಸಿ ಪತ್ರ ಬರೆದರು. ಕೈಯಲ್ಲಿ ಪಾರಿವಾಳ ಹಿಡಿದು ನಿಂತ ಆ ಹುಡುಗನ ವಯಸ್ಸಿನವರಿಂದ ಈ ಪಾಠವನ್ನು ದೂರವಿಡುವುದು ನನ್ನ ದೃಷ್ಟಿಯಲ್ಲಿ ದೊಡ್ಡ ಅನ್ಯಾಯ.

ಕಾಕಾ ಎಲ್ಲವನ್ನೂ ಕೇಳಿ ಸ್ವಲ್ಪ ಹೊತ್ತಿನ ಮೇಲೆ ಹೇಳಿದರು: “ಎಲಿಯಟ್ ಸಾಹೇಬ ಹಕ್ಕಿ ಕಳಸಿದ್ದ ಅಂದ್ರಿ. ಅಂವಗ ಹಕ್ಕಿ ಕೊಟ್ಟಾವ್ರ ಇಲ್ಲಿ ನಮ್ಮಂಥಾವ್ರ ಇರಬೇಕಲ್ರಿ. ಅವರ ಹೆಸರ ಆ ಪುಸ್ತಕದಾಗ ಅದಾವೇನು?”

ಇಲ್ಲ ಎಂದೆ. ಕೊಟ್ಟವರು, ಹಿಡಿದವರು, ಚರ್ಮ ಸುಲಿದು ಒಣಗಿಸಿದವರು ಯಾರ ಹೆಸರೂ ಆ ಅಧ್ಯಾಯದಲ್ಲಿಲ್ಲ. 1600ರ ಸುಮಾರಿನಲ್ಲಿ ಅಕ್ಬರನ ಆಸ್ಥಾನದಲ್ಲಿ 20,000ಕ್ಕೆ ಕಡಿಮೆಯಿಲ್ಲದ ಪಾರಿವಾಳಗಳಿದ್ದವೆಂಬ ಮಾತು ಮಾತ್ರ ಅಲ್ಲಿದೆ. ಆದರೆ 1868ರಲ್ಲಿ ಸಾಕುಪ್ರಾಣಿಗಳ ಬಗ್ಗೆಯೇ ಬರೆದ ಇನ್ನೊಂದು ದೊಡ್ಡ ಗ್ರಂಥದಲ್ಲಿ ಡಾರ್ವಿನ್ ಒಂದು ಹೆಸರನ್ನು ಹೇಳಿದ್ದಾರೆ. 1770ರಲ್ಲಿ ತೀರಿಕೊಂಡ ಸಯ್ಯಿದ್ ಮೊಹಮ್ಮದ್ ಮುಸಾರಿ ಎಂಬುವರು ಪಾರಿವಾಳಗಳ ಮೇಲೆ ಒಂದು ಗ್ರಂಥ ಬರೆದಿದ್ದರು, ಅದರ ಅನುವಾದವನ್ನು ಡಾರ್ವಿನ್ನರಿಗೆ ಒದಗಿಸಿದವರು ಎಲಿಯಟ್. ಡಾರ್ವಿನ್ ಹುಟ್ಟುವುದಕ್ಕೆ ಸುಮಾರು 40 ವರ್ಷ ಮೊದಲೇ ತೀರಿಕೊಂಡಿದ್ದವರು ಬರೆದಿಟ್ಟ ಅರಿವು ಹೀಗೆ ವಿಕಾಸವಾದದ ಸಾಕ್ಷ್ಯಗಳ ಸಾಲಿಗೆ ಸೇರಿತು.

“ಒಬ್ಬರದರ ಐತಲ್ಲ,” ಎಂದರು ಕಾಕಾ. ಮೊಮ್ಮಗನ ಕಡೆಗೆ ತಿರುಗಿ, “ಏ, ಆ ಹೆಸರ ಬರಕೋ. ನಾಳೆ ಸಾಲ್ಯಾಗ ನಿಮ್ಮ ಸರಗ ಕೇಳ,” ಎಂದರು. ಹುಡುಗ ಒಳಗಿನಿಂದ ವಿಜ್ಞಾನದ ನೋಟ್‌ಬುಕ್ ತಂದು ಮುಸಾರಿ, ಎಲಿಯಟ್, ಡಾರ್ವಿನ್ ಎಂದು ಒಂದರ ಕೆಳಗೊಂದು ಬರೆದುಕೊಂಡು, ಇಸವಿಗಳನ್ನು ಇನ್ನೊಮ್ಮೆ ಹೇಳಿ ಎಂದು ನನ್ನನ್ನು ಕೇಳಿದ.