ಹಾಸ್ಟೆಲ್ ಟಿವಿ ಎದುರು ಕೇಳಿದ ಪಾಠ

2000ರ ಡಿಸೆಂಬರ್‌ನಲ್ಲಿ ಈಟಿವಿ ಕನ್ನಡ ಶುರುವಾಯಿತು. ಅದರಲ್ಲಿ ‘ಎದೆ ತುಂಬಿ ಹಾಡುವೆನು’ ಎಂಬ ಹಾಡಿನ ಸ್ಪರ್ಧೆ ಬರತೊಡಗಿದ ಮೇಲೆ, ಅದು ಬರುವ ರಾತ್ರಿ ಗದಗಿನ ನಮ್ಮ ಹಾಸ್ಟೆಲ್‌ನಲ್ಲಿ ಊಟದ ಪಂಕ್ತಿಯೇ ಕೂಡುತ್ತಿರಲಿಲ್ಲ. ರೊಟ್ಟಿ-ಝುಣಕದ ತಾಟು ಹಿಡಿದುಕೊಂಡೇ ಎಲ್ಲರೂ ಟಿವಿ ಮುಂದೆ ಹಾಜರು. ನಡೆಸಿಕೊಡುತ್ತಿದ್ದವರು ಎಸ್. ಪಿ. ಬಾಲಸುಬ್ರಹ್ಮಣ್ಯಂ (ಎಸ್‌ಪಿಬಿ).

1966ರಲ್ಲಿ ತೆಲುಗಿನಲ್ಲಿ ಹಾಡಲು ಆರಂಭಿಸಿದ ಅವರು ಬೆನ್ನಿಗೇ ಕನ್ನಡಕ್ಕೂ ಬಂದವರು. ಟಿವಿಯೂ ಅವರಿಗೆ ಹೊಸದಲ್ಲ. 1996ರಿಂದಲೇ ತೆಲುಗಿನಲ್ಲಿ ‘ಪಾಡುತಾ ತೀಯಗಾ’ ನಡೆಸುತ್ತಿದ್ದರು. ಆದರೆ ಗದಗಿನವರಾದ ನಮಗೆ ಅವರ ಮೇಲಿದ್ದ ಅಭಿಮಾನದ ಬೇರೇ ಬೇರೆ. 1995ರ ‘ಸಂಗೀತ ಸಾಗರ ಗಾನಯೋಗಿ ಪಂಚಾಕ್ಷರ ಗವಾಯಿ’ ಚಿತ್ರದ ಹಾಡಿಗೆ ಅವರಿಗೂ, ಸಂಗೀತಕ್ಕೆ ಹಂಸಲೇಖ ಅವರಿಗೂ ರಾಷ್ಟ್ರಪ್ರಶಸ್ತಿ ಬಂದಿತ್ತು. ಶಾಸ್ತ್ರೀಯವಾಗಿ ಸಂಗೀತ ಕಲಿಯದವರು, ಗದಗಿನಲ್ಲಿ ಸಂಗೀತ ಕಲಿಸುವ ವೀರೇಶ್ವರ ಪುಣ್ಯಾಶ್ರಮ ಕಟ್ಟಿದ ಗವಾಯಿಗಳ ಕಥೆಗೆ ದನಿಯಾಗಿ ಈ ಊರಿನ ಕಿವಿಗಳಿಂದ ಸೈ ಎನಿಸಿಕೊಳ್ಳುವುದು ಸಣ್ಣ ಮಾತಲ್ಲ.

ಪುಣ್ಯಾಶ್ರಮದಲ್ಲೇ ಕಲಿತಿದ್ದ ನಮ್ಮ ಸಂಗೀತದ ಗುರುಗಳಿಗೆ ಕಣ್ಣು ಕಾಣುತ್ತಿರಲಿಲ್ಲ. ಅವರೂ ಬಂದು ಗೋಡೆಗೆ ಒರಗಿ ಕೂತು, ತೊಡೆಯ ಮೇಲೆ ತಾಳ ಹಾಕುತ್ತ ಕೇಳುತ್ತಿದ್ದರು. ‘ಟಿವಿಯೊಳಗ ಉಳದವ್ರು ನೋಡೋರ ಸಲುವಾಗಿ ಮಾತಾಡ್ತಾರಪಾ, ಇವ್ರು ಕೇಳೋರ ಸಲುವಾಗಿ ಮಾತಾಡ್ತಾರ’ ಎಂದಿದ್ದರು ಒಮ್ಮೆ. ಅದಾದ ಮೇಲೆ ನಾನೂ ಕಣ್ಣು ಮುಚ್ಚಿ ಕೇಳಿ ನೋಡಿದೆ. ನಿಜವೇ. ಹಾಡು ಬರೆದವರು ಯಾರು, ರಾಗ ಹಾಕಿದವರು ಯಾರು, ಧ್ವನಿಮುದ್ರಣದ ದಿನ ಸ್ಟುಡಿಯೋದಲ್ಲಿ ಏನಾಯಿತು, ಎಲ್ಲ ಎಸ್‌ಪಿಬಿ ಹೇಳುತ್ತಿದ್ದರು. ಪದದ ನಡುವೆ ಉಸಿರು ಎಳೆದುಕೊಂಡ ಹುಡುಗಿಗೆ ‘ತಪ್ಪು’ ಎನ್ನುತ್ತಿರಲಿಲ್ಲ. ಆ ಸಾಲನ್ನು ತಾವೇ ಮೆಲ್ಲಗೆ ಹಾಡುತ್ತಿದ್ದರು. ಎಲ್ಲಿ ನಿಲ್ಲಬೇಕೆಂದು ಅವಳಿಗೂ ತಿಳಿಯುತ್ತಿತ್ತು, ತಾಟು ಹಿಡಿದು ಕೂತ ನಮಗೂ ತಿಳಿಯುತ್ತಿತ್ತು. ಚಂದ ನುಡಿಸಿದ ತಬಲಾದವರಿಗೂ ಕೊಳಲಿನವರಿಗೂ ಅಲ್ಲೇ ಶಹಬ್ಬಾಸ್. ತೆಲುಗು ಮನೆಮಾತಿನ ಅವರ ಕನ್ನಡದ ಸ್ಪಷ್ಟತೆ ಇಂದಿನ ಎಷ್ಟೋ ನಿರೂಪಕರಿಗೆ ಬರಬೇಕು ಎಂದೇ ನನ್ನ ಅನಿಸಿಕೆ.

ಗುರುಗಳು ಇದನ್ನೆಲ್ಲ ನಮ್ಮ ತಾಲೀಮಿಗೂ ತಂದರು. ಹಾರ್ಮೋನಿಯಂ ಮೇಲೆ ಕೈ ಇಟ್ಟು ಕೂತಿರೋರು. ಕವಿಯ ಹೆಸರು ಹೇಳದ ಹೊರತು ಸುರ ಹಿಡಿಯುತ್ತಿರಲಿಲ್ಲ. ‘ಯಾರು ಬರದಾರ, ಮೊದ್ಲ ಹೇಳು’ ಎಂಬ ಅವರ ಗದರಿಕೆಗೆ ಹೆದರಿ ನಾವು ಗ್ರಂಥಾಲಯದಲ್ಲಿ ಕವನ ಸಂಕಲನ ಹುಡುಕುತ್ತಿದ್ದೆವು. ಬೇಂದ್ರೆ, ಶಿವರುದ್ರಪ್ಪ, ಕಣವಿ ನನಗೆ ಹತ್ತಿರವಾದದ್ದು ಪರೀಕ್ಷೆಯಿಂದಲ್ಲ, ಈ ಹುಡುಕಾಟದಿಂದ.

ಎಸ್‌ಪಿಬಿ 2020ರ ಸೆಪ್ಟೆಂಬರ್ 25ರಂದು ತೀರಿಕೊಂಡರು. ನಮ್ಮ ಬ್ಯಾಚಿನ ವಾಟ್ಸಾಪ್ ಗುಂಪಿನಲ್ಲಿ ಆ ರಾತ್ರಿ ಬಂದದ್ದು ಬರೀ ಹಾಡುಗಳು, ಒಂದೊಂದರ ಕೆಳಗೂ ಕವಿಯ ಹೆಸರು, ಸಂಗೀತ ನಿರ್ದೇಶಕರ ಹೆಸರು.

ಈಗ ಓದುತ್ತಿರುವ ತಮ್ಮ-ತಂಗಿಯರಲ್ಲಿ ಒಂದು ಕೇಳಿಕೆ ಇದೆ. ಈ ಸಲದ ಗ್ಯಾದರಿಂಗ್‌ನಲ್ಲಿ (ವಾರ್ಷಿಕೋತ್ಸವದಲ್ಲಿ) ಮೈಕ್ ಹಿಡಿಯುವವರು ಹಾಡುವವರ ಹೆಸರಿನ ಜೊತೆ ಬರೆದವರ, ರಾಗ ಹಾಕಿದವರ, ಪಕ್ಕದಲ್ಲಿ ತಬಲಾ ನುಡಿಸುವವರ ಹೆಸರನ್ನೂ ದಯವಿಟ್ಟು ಹೇಳಿ.