ಮ್ಯಾಸಿಲನ್‌ನ ಶುಕ್ರವಾರ ರಾತ್ರಿ

ಒಹಾಯೊ ರಾಜ್ಯದ ಮ್ಯಾಸಿಲನ್‌ನಲ್ಲಿ ಗಂಡು ಮಗು ಹುಟ್ಟಿದರೆ ಆಸ್ಪತ್ರೆಯ ತೊಟ್ಟಿಲಿಗೇ ಪುಟ್ಟದೊಂದು ಫುಟ್‌ಬಾಲ್ ಬರುತ್ತಿತ್ತು. ನಾವು ಕಾಲಿನಲ್ಲಿ ಒದ್ದು ಬೆಳೆದ ಫುಟ್‌ಬಾಲ್ ಅಲ್ಲ. ಹೆಲ್ಮೆಟ್ ತೊಟ್ಟು, ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ನುಗ್ಗುವ ಆಟ. ಊರಿನ ಜನಸಂಖ್ಯೆ ಹೆಚ್ಚುಕಡಿಮೆ 32,000. ಹೈಸ್ಕೂಲಿನ ಕ್ರೀಡಾಂಗಣದಲ್ಲಿ 16,000ಕ್ಕೂ ಹೆಚ್ಚು ಜನ ಕೂರಬಹುದು. ಪಕ್ಕದ ಕ್ಯಾಂಟನ್‌ನ ಮೆಕಿನ್ಲಿ ಶಾಲೆಯೊಂದಿಗಿನ ಹಣಾಹಣಿ ಶುರುವಾಗಿದ್ದು 1894ರಲ್ಲಿ. ಉಕ್ಕಿನ ಕಾರ್ಖಾನೆಗಳು ಸೊರಗಿದವು, ಆಟದ ಹುಚ್ಚು ಸೊರಗಲಿಲ್ಲ.

ಅಲ್ಲಿ ಚಿತ್ರೀಕರಿಸುತ್ತಿದ್ದ ಸಣ್ಣ ಸಾಕ್ಷ್ಯಚಿತ್ರ ತಂಡದಲ್ಲಿ ಧ್ವನಿಮುದ್ರಣ ನನ್ನ ಪಾಲಿನದು. ಆಡುವವರಲ್ಲಿ ಹೆಚ್ಚಿನವರು ಹದಿನೆಂಟು ತುಂಬದ ಹುಡುಗರು. ಹೆತ್ತವರ ಸಹಿ ಇಲ್ಲದೆ ಕ್ಯಾಮೆರಾ ತೆರೆಯುವಂತಿಲ್ಲ. ಒಬ್ಬ ತಾಯಿ ಒಪ್ಪಿಗೆ ಪತ್ರದ ಪ್ರತಿ ಸಾಲನ್ನೂ ಬೆರಳಿಟ್ಟು ಓದಿ, "ಅವನಿಗೆ ಪೆಟ್ಟಾದರೆ ಅದನ್ನೂ ತೋರಿಸುತ್ತೀರಾ?" ಎಂದು ಕೇಳಿದರು. "ನಿಮಗೆ ತೋರಿಸದೆ ಯಾರಿಗೂ ತೋರಿಸುವುದಿಲ್ಲ" ಎಂದರು ನಮ್ಮ ನಿರ್ದೇಶಕಿ. ಆಮೇಲೆಯೇ ಸಹಿ ಬಿದ್ದದ್ದು.

ಈ ಆಟದಲ್ಲಿ ಚೆಂಡು ಓಡುವುದು ಒಮ್ಮೆಗೆ ಕೆಲವೇ ಸೆಕೆಂಡು. ಉಳಿದದ್ದೆಲ್ಲ ಕಾಯುವಿಕೆ, ಸಾಕ್ಷ್ಯಚಿತ್ರ ಇರುವುದೂ ಅಲ್ಲಿಯೇ ಎಂಬುದು ನನ್ನ ದೃಢ ನಂಬಿಕೆ. ಆ ಶುಕ್ರವಾರ ರಾತ್ರಿಯ ಪಂದ್ಯದಲ್ಲಿ ಕೋಚ್ ಅಂಗಿಯೊಳಗೆ ಸಿಕ್ಕಿಸಿದ್ದ ಪುಟ್ಟ ಮೈಕಿನಿಂದ ಅವರ ಏದುಸಿರು, ಗದರಿಕೆ, ಚೂಯಿಂಗ್ ಗಮ್ ಜಗಿಯುವ ಸದ್ದು ಎಲ್ಲವೂ ನನ್ನ ಹೆಡ್‌ಫೋನಿಗೆ ಬರುತ್ತಿದ್ದವು.

ಆಟದ ನಾಲ್ಕು ಭಾಗಗಳಲ್ಲಿ ಮೂರನೆಯದರಲ್ಲಿ ಅದೇ ತಾಯಿಯ ಮಗ ಬಿದ್ದ, ಏಳಲಿಲ್ಲ. ಶಾಲೆಯ ಬ್ಯಾಂಡಿನ ವಾದ್ಯ ಥಟ್ಟನೆ ನಿಂತಿತು. ಎರಡೂ ತಂಡದ ಹುಡುಗರು ಅಲ್ಲಲ್ಲೇ ಒಂದು ಮೊಣಕಾಲೂರಿ ಕೂತರು. ಯಾರಿಗಾದರೂ ಪೆಟ್ಟಾದರೆ ಹಾಗೆ ಕೂರುವುದು ಅಲ್ಲಿಯ ಪದ್ಧತಿ. ನಮ್ಮ ಕ್ಯಾಮೆರಾ ಮೈದಾನವನ್ನು ಬಿಟ್ಟು ತಾಯಿಯ ಕಡೆ ತಿರುಗಿತು. ಆಕೆ ಗ್ಯಾಲರಿಯ ಕಂಬಿಯನ್ನು ಬಿಗಿಯಾಗಿ ಹಿಡಿದು ನಿಂತಿದ್ದರು. ಕೆಳಗೆ ಓಡಲಿಲ್ಲ.

ಹೆಡ್‌ಫೋನಿನಲ್ಲಿ ಹುಡುಗ ಬಿಕ್ಕುತ್ತಿದ್ದ. ಕೋಚ್ ದನಿ ತೀರಾ ಮೆತ್ತಗಿತ್ತು: "ಬೆರಳು ಆಡಿಸು. ಹಾಂ, ಸರಿ. ನಿನ್ನ ಅಮ್ಮ ನೋಡುತ್ತಿದ್ದಾರೆ ಮಗೂ, ಒಂದು ಕೈ ಎತ್ತು." ಹುಡುಗ ಕೈ ಎತ್ತಿದ. ಇಡೀ ಕ್ರೀಡಾಂಗಣ ತನಗೇ ಎತ್ತಿದನೆಂದು ಚಪ್ಪಾಳೆ ತಟ್ಟಿತು. ಆ ಕೈ ಯಾರಿಗೆಂದು ಗೊತ್ತಿದ್ದದ್ದು ಮೈದಾನದಲ್ಲಿದ್ದ ಕೆಲವರಿಗೆ ಮತ್ತು ನನಗೆ.

ಪೆಟ್ಟು ಪಾದದ ಉಳುಕಷ್ಟೇ ಆಗಿತ್ತು. ಸಂಕಲನದ ವೇಳೆ ತಾಯಿ, ಮಗ ಇಬ್ಬರನ್ನೂ ಕೂರಿಸಿ ಆ ದೃಶ್ಯ ತೋರಿಸಿದೆವು. ಪರದೆಯ ಮೇಲೆ ಆಕೆಯ ಮುಖ, ಹಿನ್ನೆಲೆಯಲ್ಲಿ ಕೋಚ್ ದನಿ. ಆ ಮಾತನ್ನು ಆಕೆ ಕೇಳಿದ್ದು ಅದೇ ಮೊದಲು. ಮತ್ತೊಮ್ಮೆ ಹಾಕಿ ಎಂದರು. ಮಗನದು ಒಂದೇ ಷರತ್ತು: ತಾನು ಬಿಕ್ಕಿದ್ದು ಕೇಳಿಸಬಾರದು. ನಾನು ಅಲ್ಲಿಯೇ, ಅವನೆದುರಿಗೇ ಅಷ್ಟನ್ನು ತೆಗೆದುಹಾಕಿದೆ.